ಬಾಟಿಕ್ ಅಂತ ಕೊಡುವ ಮೂರು ಬಟ್ಟೆ: ಹಿಂಬದಿ ನೋಡಿ ದುಡ್ಡು ಕೊಡಿ

ದಾವಣಗೆರೆಯ ಮಂಡಿಪೇಟೆ, ಚೌಕಿಪೇಟೆ ಕಡೆ ಬಟ್ಟೆ ಅಂಗಡಿಗೆ ಹೋಗಿ ಬಾಟಿಕ್ ಕೇಳಿದರೆ ಮೊದಲು ಹೊರಬರುವುದು ನೈಟಿ. ಕಡುನೀಲಿ ಇಲ್ಲವೇ ಮೆರೂನ್ ನೆಲ, ಅದರ ಮೇಲೆ ಬಿಳಿ ಹೂವು, ಹೂವಿನ ಸುತ್ತ ಒಡೆದ ಗಾಜಿನಂಥ ಸಣ್ಣ ಬಿರುಕು ಗೆರೆ. "ಒರಿಜಿನಲ್ ಏನ್ರಿ?" ಅಂದರೆ "ಒರಿಜಿನಲ್ಲೇ ಅಕ್ಕಾರ, ಬಣ್ಣ ಹೋಗಲ್ಲ ನೋಡ್ರಿ" ಅನ್ನುತ್ತಾರೆ. ಕೇಳಿದ್ದೊಂದು, ಹೇಳಿದ್ದೊಂದು. ಬಣ್ಣ ನಿಲ್ಲುವುದಕ್ಕೂ ಬಾಟಿಕ್ ಆಗಿರುವುದಕ್ಕೂ ಸಂಬಂಧವೇ ಇಲ್ಲ. ಬಾಟಿಕ್ ಅನ್ನುವುದು ಒಂದು ಕೆಲಸದ ಹೆಸರು: ಕರಗಿಸಿದ ಮೇಣದಿಂದ ಬಟ್ಟೆಯ ಮೇಲೆ ಚಿತ್ರ ಬರೆದು, ಬಣ್ಣದಲ್ಲಿ ಅದ್ದಿ, ಮೇಣ ಕೂತ ಕಡೆ ಬಣ್ಣ ಹತ್ತದ ಹಾಗೆ ತಡೆದು, ಕೊನೆಗೆ ಕುದಿಯುವ ನೀರಿನಲ್ಲಿ ಮೇಣ ಬಿಡಿಸುವ ಕೆಲಸ. ಮೇಣ ಮುಟ್ಟದ ಬಟ್ಟೆ ಎಷ್ಟೇ ಚೆಂದವಿದ್ದರೂ ಬಾಟಿಕ್ ಡಿಸೈನಿನ ಪ್ರಿಂಟು, ಅಷ್ಟೇ.

ಇಲ್ಲಿ ಪಕ್ಕಪಕ್ಕ ಹಾಸಿ ತೂಗಿರುವುದು ಮೂರು ಬಟ್ಟೆ. ಮೊದಲನೆಯದು ಮೇಲೆ ಹೇಳಿದ ನೈಟಿ ಬಟ್ಟೆ. ಎರಡನೆಯದು ಇಂಡೋನೇಷ್ಯಾದ ಜಾವಾ ದ್ವೀಪದ್ದು, ಮಧ್ಯ ಜಾವಾದ ಉತ್ತರ ಕರಾವಳಿಯ ಪೆಕಲೋಂಗಾನ್ ಊರಿನ ಚಾಪ್ ಬಾಟಿಕ್, ತಾಮ್ರದ ಅಚ್ಚಿನಿಂದ ಮೇಣ ಒತ್ತಿದ್ದು. ಮೂರನೆಯದು ಅದೇ ದ್ವೀಪದ ಯೋಗ್ಯಕರ್ತಾ ಕಡೆಯ ತುಲಿಸ್ ಬಾಟಿಕ್, ಕೈಯಿಂದಲೇ ಮೇಣ ಬರೆದದ್ದು. ತುಲಿಸ್ ಅಂದರೆ ಬರೆಯುವುದು. ಚಾಪ್ ಅಂದರೆ ನಾವನ್ನುವ ಛಾಪೇ. ಪದ ಹೋಗಿದ್ದು ಇಲ್ಲಿಂದ ಅಲ್ಲಿಗೆ. ಈ ಎರಡೂ ಈಗ ಬಾಲಿ ಪ್ರವಾಸ ಮುಗಿಸಿದವರ ಸೂಟ್‌ಕೇಸಿನಲ್ಲಿ, ಆನ್‌ಲೈನ್ ಅಂಗಡಿಗಳ ಪಾರ್ಸೆಲ್ಲಿನಲ್ಲಿ ನಮ್ಮ ಕಡೆಗೂ ಬರುತ್ತಿವೆ. ಪ್ರಿಂಟನ್ನು ತುಲಿಸ್ ಬೆಲೆಗೆ ಮಾರುವವರೂ ಜೊತೆಗೇ ಬಂದಿದ್ದಾರೆ.

ಮೊದಲ ಪರೀಕ್ಷೆಗೆ ಸಲಕರಣೆ ಏನೂ ಬೇಡ, ಬಟ್ಟೆ ತಿರುವಿ ಹಾಕಿದರೆ ಸಾಕು. ಪ್ರಿಂಟಿನಲ್ಲಿ ಬಣ್ಣ ಒಂದೇ ಕಡೆಯಿಂದ ಬೀಳುವುದರಿಂದ ಹಿಂಬದಿ ಮಂಕು. ಬೆರಳಲ್ಲಿ ಬಟ್ಟೆ ಸ್ವಲ್ಪ ಎಳೆದರೆ ಎಳೆಗಳ ನಡುವೆ ಬಿಳಿ ಇಣುಕುತ್ತದೆ. ತುಲಿಸ್‌ನಲ್ಲಿ ಒಳ್ಳೆಯ ಕೆಲಸವಾದರೆ ಮೇಣವನ್ನು ಎರಡೂ ಬದಿಗೆ ಬರೆದಿರುತ್ತಾರೆ, ಆಮೇಲೆ ಇಡೀ ಬಟ್ಟೆ ಬಣ್ಣದ ತೊಟ್ಟಿಯಲ್ಲಿ ಮುಳುಗಿರುತ್ತದೆ. ಮೇಲ್ಬದಿ ಯಾವುದು, ಹಿಂಬದಿ ಯಾವುದು ಅಂತ ದರ್ಜಿಗೂ ಗೊತ್ತಾಗಬಾರದು. ಚಾಪ್ ಇವೆರಡರ ನಡುವೆ: ನೆಲದ ಬಣ್ಣ ಎರಡೂ ಕಡೆ ಒಂದೇ ಗಾಢ, ಗೆರೆ ಮಾತ್ರ ಹಿಂಬದಿ ಕೂದಲೆಳೆಯಷ್ಟು ಮಸುಕು.

ಹಿಂಬದಿಯೊಂದನ್ನೇ ನಂಬಿ ಕೂರುವ ಹಾಗೂ ಇಲ್ಲ. ತೆಳು ರೇಯಾನ್ ಮೇಲೆ ಪ್ರಿಂಟ್ ಮಾಡಿದರೆ ಬಣ್ಣ ಆಚೆ ಕಡೆಗೂ ಇಳಿಯುತ್ತದೆ. ಬಿಸಿ ಮೇಣದ ಬದಲು ಪೇಸ್ಟಿನಂಥ ತಣ್ಣನೆ ಮೇಣವನ್ನು ಸ್ಕ್ರೀನಿನಲ್ಲಿ ಒತ್ತಿ, ಬಣ್ಣದಲ್ಲಿ ಅದ್ದುವ ಪದ್ಧತಿಯೂ ಜಾವಾದಲ್ಲಿ ಬಂದಿದೆ. ಅದು ಈ ಪರೀಕ್ಷೆಯನ್ನು ಅರ್ಧ ಪಾಸಾಗುತ್ತದೆ. ಹಾಗಾಗಿ ಎರಡನೇ ಪರೀಕ್ಷೆಗೆ ದರ್ಜಿಯ ಟೇಪು ಬೇಕು. ಪ್ರಿಂಟು ಒತ್ತುವ ರೋಟರಿ ಯಂತ್ರದ ಉರುಳೆಯ ಸುತ್ತಳತೆ ಸಾಮಾನ್ಯವಾಗಿ 64 ಸೆಂಟಿಮೀಟರು. ಒಂದು ಹೂವನ್ನು ಗುರುತಿಟ್ಟುಕೊಂಡು ಉದ್ದಕ್ಕೆ 64 ಸೆಂ.ಮೀ. ಅಳೆಯಿರಿ. ಅದೇ ಹೂವು, ಅದೇ ಎಸಳಿನ ಮೇಲೆ ಅದೇ ಚುಕ್ಕೆ, ಪಕ್ಕದಲ್ಲಿ ಅದೇ ಜಾಗದಲ್ಲಿ ಕವಲೊಡೆದ ಅದೇ ಬಿರುಕು ಸಿಕ್ಕಿದರೆ ಮಾತು ಮುಗಿಯಿತು. ನಿಜವಾದ ಮೇಣದ ಬಿರುಕು ಎರಡು ಸಲ ಒಂದೇ ರೀತಿ ಒಡೆಯುವುದಿಲ್ಲ.

ಚಾಪ್ ಬಟ್ಟೆಯಲ್ಲಿ ಹುಡುಕಬೇಕಾದ್ದು ಜೋಡಣೆ. ತಾಮ್ರದ ಪಟ್ಟಿ ಬಗ್ಗಿಸಿ ಬೆಸೆದ ಅಚ್ಚು ಸುಮಾರು ಒಂದು ಗೇಣು ಚೌಕ ಇರುತ್ತದೆ. ಒಂದು ಒತ್ತು ಮುಗಿದು ಇನ್ನೊಂದು ಶುರುವಾಗುವ ಕಡೆ ಗೆರೆ ದಪ್ಪವಾಗಿರುತ್ತದೆ, ಇಲ್ಲವೇ ಅರ್ಧ ಮಿಲಿಮೀಟರ್ ಬಿಟ್ಟುಹೋಗಿರುತ್ತದೆ. ಇದನ್ನು ದೋಷ ಅಂದುಕೊಂಡು ಬೆಲೆ ಇಳಿಸಲು ಹೋಗಬೇಡಿ, ಕೈಕೆಲಸಕ್ಕೆ ಇದೇ ಸಾಕ್ಷಿ. ದೋಷ ಅನ್ನಬೇಕಾದ್ದು ಬೇರೆ: ಗೆರೆಯ ಅಂಚು ಅಲ್ಲಲ್ಲಿ ಹರಡಿ ಶಾಯಿ ಬಿದ್ದ ಹಾಗಿದ್ದರೆ ಮೇಣ ಅತಿಯಾಗಿ ಕಾದಿತ್ತು, ಬಿಳಿ ಉಳಿಯಬೇಕಾದ ಕಡೆ ಬಣ್ಣ ನುಸುಳಿದ್ದರೆ ಮೇಣ ತಣ್ಣಗಾಗಿ ಎಳೆಯೊಳಗೆ ಇಳಿಯದೆ ಮೇಲೆಯೇ ಕೂತಿತ್ತು.

ತುಲಿಸ್ ಬಟ್ಟೆಯನ್ನು ಕಣ್ಣಿನ ಹತ್ತಿರ ಹಿಡಿಯಬೇಕು. ಬರೆಯುವ ಸಾಧನ ಚಾಂಟಿಂಗ್: ಬಿದಿರಿನ ಇಲ್ಲವೇ ಮರದ ಹಿಡಿ, ತುದಿಗೆ ಬೆರಳ ತುದಿಯಷ್ಟು ತಾಮ್ರದ ಬಟ್ಟಲು, ಬಟ್ಟಲಿಗೆ ಸೂಜಿಯಂಥ ಕೊಕ್ಕು. ಬಾಂಡ್ಲಿಯಲ್ಲಿ ಕರಗಿದ ಮೇಣ ಮೊಗೆದು, ಕೊಕ್ಕಿಗೆ ಉಫ್ ಅಂತ ಊದಿ, ಬಟ್ಟೆಗೆ ತಾಗಿಸಿಯೂ ತಾಗಿಸದ ಹಾಗೆ ಎಳೆಯುತ್ತಾರೆ. ಒಂದು ಎಲೆಯೊಳಗೆ ನಲವತ್ತು ಚುಕ್ಕೆ ಇದ್ದರೆ ನಲವತ್ತು ಸಲ ಕೈ ಇಟ್ಟು ಎತ್ತಬೇಕು. ಸಾಲಿನ ಮೊದಲ ಚುಕ್ಕೆಗಳು ತುಂಬಿಕೊಂಡಿರುತ್ತವೆ, ಬಟ್ಟಲಲ್ಲಿ ಮೇಣ ಖಾಲಿಯಾಗುತ್ತ, ತಣ್ಣಗಾಗುತ್ತ ಹೋದಂತೆ ಚುಕ್ಕೆ ಸಣ್ಣಗಾಗುತ್ತವೆ, ಮತ್ತೆ ಮೊಗೆದ ಕಡೆ ಒಮ್ಮೆಲೇ ದಪ್ಪ. ಬಟ್ಟೆಯ ಮೇಲೆ ಈ ಉಸಿರಾಟ ಕಾಣಬೇಕು. ಹಾಗೆ ಕಾಣದೆ ಚುಕ್ಕೆಗಳು ರಾಗಿ ಕಾಳಿನಂತೆ ಒಂದೇ ಗಾತ್ರಕ್ಕಿದ್ದರೆ, ಲೇಬಲ್ ಏನೇ ಹೇಳಲಿ, ಅನುಮಾನಿಸಿ. ಒಂದು ಬಟ್ಟೆಗೆ ವಾರಗಳಿಂದ ತಿಂಗಳುಗಳವರೆಗೆ ಹಿಡಿಯುವುದು ಇದಕ್ಕೇ. ಎರಡು ಮೂರು ಬಣ್ಣವಿದ್ದರೆ ಮೇಣ ಬರೆಯುವುದು, ಅದ್ದುವುದು, ಕೆರೆಯುವುದು, ಮತ್ತೆ ಬರೆಯುವುದು. ಬಣ್ಣದ ತೊಟ್ಟಿ ತಣ್ಣಗೇ ಇರಬೇಕು, ಬಿಸಿಯಾದರೆ ಮೇಣವೇ ಕರಗಿಹೋಗುತ್ತದೆ. ಆದ್ದರಿಂದ ಎಲ್ಲ ಬಣ್ಣವೂ ಈ ಕೆಲಸಕ್ಕೆ ಆಗಿಬರುವುದಿಲ್ಲ.

ಈಗ ಆ ಬಿರುಕಿನ ವಿಷಯ. ನಮ್ಮ ನೈಟಿ ಗಿರಾಕಿಗೆ ಬಿರುಕು ಗೆರೆ ಇದ್ದರೇನೇ ಬಾಟಿಕ್. ಜಾವಾದ ಅರಮನೆ ಊರುಗಳಾದ ಯೋಗ್ಯಕರ್ತಾ, ಸೋಲೋಗಳಲ್ಲಿ ಅದೇ ಬಿರುಕು ಕೆಲಸಗಾರ್ತಿಯ ಸೋಲು. ಮೇಣದ ಮಿಶ್ರಣದಲ್ಲಿ ಜೇನುಮೇಣ ಬಾಗುವ ಗುಣ ಕೊಡುತ್ತದೆ, ಪೈನ್ ಮರದ ರಾಳ ಮತ್ತು ದಾಮರ್ ಅಂಟು ಬಟ್ಟೆಗೆ ಕಚ್ಚಿಸುತ್ತವೆ, ಪ್ಯಾರಾಫಿನ್ ಅಗ್ಗ ಆದರೆ ಗಡುಸು. ಪ್ಯಾರಾಫಿನ್ ಹೆಚ್ಚಾದರೆ ಬಟ್ಟೆ ಮಡಚಿದಾಗ ಮೇಣ ಒಡೆಯುತ್ತದೆ, ಒಡೆದ ಸಂದಿಯಲ್ಲಿ ಬಣ್ಣ ಇಳಿಯುತ್ತದೆ. ಗುಜರಾತಿನ ಕಚ್ಛ್, ಉಜ್ಜಯಿನಿ ಹತ್ತಿರದ ಭೇರೂಗಢದಲ್ಲಿ ಮೇಣದ ಕೆಲಸ ಮಾಡುವವರು ಈ ಬಿರುಕನ್ನೇ ಅಂದವಾಗಿ ಬೆಳೆಸಿಕೊಂಡರು. ಅದು ಅಲ್ಲಿನ ನ್ಯಾಯವಾದ ಶೈಲಿ. ಹತ್ತೊಂಬತ್ತನೇ ಶತಮಾನದಲ್ಲಿ ಡಚ್ಚರು ಯಂತ್ರದಲ್ಲಿ ಬಾಟಿಕ್ ನಕಲು ಮಾಡಿ ಜಾವಾಕ್ಕೆ ತಂದರು, ಅಲ್ಲಿ ಅದು ನಿಲ್ಲಲಿಲ್ಲ, ಪಶ್ಚಿಮ ಆಫ್ರಿಕಾದಲ್ಲಿ ನಿಂತಿತು. ಇವತ್ತು ಆಫ್ರಿಕನ್ ವ್ಯಾಕ್ಸ್ ಪ್ರಿಂಟ್ ಅನ್ನುವುದು ಅದರ ಸಂತಾನ. ನೈಟಿ ಬಟ್ಟೆಯಲ್ಲಂತೂ ಮೇಣವೂ ಇಲ್ಲ, ಒಡೆದದ್ದೂ ಇಲ್ಲ. ಬಿರುಕಿನ ಚಿತ್ರವನ್ನು ಯಂತ್ರ ನೀಟಾಗಿ ಒತ್ತಿದೆ. ಒಬ್ಬರ ತಪ್ಪು ಇನ್ನೊಬ್ಬರ ಟ್ರೇಡ್‌ಮಾರ್ಕ್.

ಹಾಗಂತ ಜಾವಾದ ಸಂಪ್ರದಾಯವೂ ಕದಲದೆ ಕೂತದ್ದೇನಲ್ಲ. ತಾಮ್ರದ ಅಚ್ಚು ಬಂದಿದ್ದೇ ಹತ್ತೊಂಬತ್ತನೇ ಶತಮಾನದ ನಡುಭಾಗದಲ್ಲಿ, ಯುರೋಪಿನ ಅಗ್ಗದ ನಕಲಿಗೆ ಎದುರಾಗಿ. ತುಲಿಸ್ ಕೆಲಸ ಅಷ್ಟು ನಯವಾದದ್ದೂ ಗಿರಣಿಯಲ್ಲಿ ನೇಯ್ದ ನಯವಾದ ಬಿಳಿ ಬಟ್ಟೆ ಕೈಗೆ ಸಿಕ್ಕ ಮೇಲೆಯೇ. ಕೈಮಗ್ಗದ ಒರಟು ಬಟ್ಟೆಯ ಮೇಲೆ ಸೂಜಿ ಕೊಕ್ಕು ಓಡುವುದಿಲ್ಲ. ಹತ್ತಿ ಗಿರಣಿಗಳಿಂದ ಮ್ಯಾಂಚೆಸ್ಟರ್ ಅನ್ನಿಸಿಕೊಂಡ ಊರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಈ ಬಟ್ಟೆಗೂ ಅಲ್ಲಿ ದರ್ಜೆಯಿದೆ: ಪ್ರಿಮಿಸ್ಸಿಮಾ ಅತಿ ನಯ, ಪ್ರೀಮಾ ಅದಕ್ಕಿಂತ ಒಂದು ಮೆಟ್ಟಿಲು ಕೆಳಗೆ. ತುಲಿಸ್ ಅಂತ ಮಾರುತ್ತಿರುವುದು ಪ್ರಿಮಿಸ್ಸಿಮಾ ಹೌದೋ ಅಲ್ಲವೋ ಕೇಳಿ. ಒರಟು ಬಟ್ಟೆಯ ಮೇಲೆ ಎರಡು ತಿಂಗಳ ಕೆಲಸ ಸುರಿಯುವ ಹುಚ್ಚು ಯಾರಿಗೂ ಇರುವುದಿಲ್ಲ.

ಉಡುಗೊರೆಗೆ ಕೊಳ್ಳುವವರು ಡಿಸೈನಿನ ಅರ್ಥ ಗೊತ್ತಿಲ್ಲದೆ ಆರಿಸಬಾರದು. ಓರೆಯಾಗಿ ಅಲೆಯಂತೆ ಹೋಗುವ ಪಾರಾಂಗ್ ಒಂದು ಕಾಲಕ್ಕೆ ಯೋಗ್ಯಕರ್ತಾದ ರಾಜಮನೆತನಕ್ಕೇ ಮೀಸಲು, ಹೊರಗಿನವರು ತೊಡುವಂತಿರಲಿಲ್ಲ. ಅರಮನೆಯೊಳಗೆ ಆ ಶಿಸ್ತು ಇವತ್ತಿಗೂ ಉಂಟು, ಹೊರಗೆ ಪಾರಾಂಗ್ ಈಗ ಬೆಡ್‌ಶೀಟ್ ಮೇಲೂ ಇದೆ, ಚಪ್ಪಲಿ ಮೇಲೂ ಇದೆ. ಆದರೂ ಮದುವೆ ಗಂಡು ಹೆಣ್ಣು ಪಾರಾಂಗ್ ಉಟ್ಟರೆ ಮನೆಯಲ್ಲಿ ಜಗಳ ನಿಲ್ಲದು ಅನ್ನುವ ನಂಬಿಕೆ ಜಾವಾದಲ್ಲಿ ಹೋಗಿಲ್ಲ. ಮದುಮಕ್ಕಳಿಗೆ ಸಿದೋ ಮುಕ್ತಿ ಡಿಸೈನು. ಈ ಮುಕ್ತಿ ನಮ್ಮ ಮಠದ ಮುಕ್ತಿ ಅಲ್ಲ, ಅಲ್ಲಿ ಸುಖ ಸಮೃದ್ಧಿ ಅಂತ ಅರ್ಥ. ಮದುಮಕ್ಕಳ ತಂದೆತಾಯಿಗೆ ನಕ್ಷತ್ರ ಚೆಲ್ಲಿದಂಥ ತ್ರುಂತುಮ್. ಸ್ಲೊಬೊಗ್ ಸಾವಿನ ಮನೆಯದು, ಅದನ್ನು ಗೃಹಪ್ರವೇಶಕ್ಕೆ ಕೊಡಬೇಡಿ. ಏನೂ ತೋಚದಿದ್ದರೆ ತಾಟಿನಿಂಗಿನ ಕಾಯಿ ಅಡ್ಡ ಕುಯ್ದಂತೆ ಕಾಣುವ ಕಾವುಂಗ್ ಇಂದಿನ ಕಾಲಕ್ಕೆ ಯಾರಿಗೂ ಅಡ್ಡಿಯಿಲ್ಲ.

ಸೊಂಟಕ್ಕೆ ಸುತ್ತುತ್ತಿದ್ದ ಬಾಟಿಕ್ ಅಂಗಿಗೆ ಏರಿದ್ದು ತೀರ ಈಚೆಗೆ. ಎಪ್ಪತ್ತರ ದಶಕದಲ್ಲಿ ಜಕಾರ್ತಾದ ಗವರ್ನರ್ ಅಲಿ ಸಾದಿಕಿನ್ ಉದ್ದ ತೋಳಿನ ಬಾಟಿಕ್ ಅಂಗಿಯನ್ನು ಕೋಟು ಟೈಗೆ ಸಮನಾದ ಔಪಚಾರಿಕ ಉಡುಪು ಅಂತ ಚಾಲ್ತಿಗೆ ತಂದರು. 2009ರ ಅಕ್ಟೋಬರ್ 2ರಂದು ಯುನೆಸ್ಕೋ ಇಂಡೋನೇಷ್ಯಾದ ಬಾಟಿಕ್ಕನ್ನು ಮಾನವಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು; ಆ ದಿನ ಈಗ ಅಲ್ಲಿ ಬಾಟಿಕ್ ದಿನ, ಶುಕ್ರವಾರ ಬಂತೆಂದರೆ ಆಫೀಸಿಗೆ ಆಫೀಸೇ ಬಾಟಿಕ್ ತೊಡುತ್ತದೆ. ಬೇಡಿಕೆ ಒಮ್ಮೆಗೇ ಉಕ್ಕಿತು. ಉಕ್ಕಿದ ಬೇಡಿಕೆಯ ದೊಡ್ಡ ಪಾಲನ್ನು ತುಂಬಿಸಿದ್ದು ಮಾತ್ರ ಪ್ರಿಂಟು: ಶಾಲೆ ಮಕ್ಕಳ ಬಾಟಿಕ್ ಯೂನಿಫಾರಂ ಬಹುಮಟ್ಟಿಗೆ ಯಂತ್ರದ್ದೇ. ಮೇಣ ಬರೆಯುವ ಹೆಂಗಸರ ಕೂಲಿ ಪೀಸಿನ ಲೆಕ್ಕ, ಅದೂ ಕಮ್ಮಿ. ಮಗಳು ಗಾರ್ಮೆಂಟ್ಸ್ ಕಡೆ ಹೋದರೆ ತಾಯಿ ತಡೆಯುವುದಿಲ್ಲ. ಮೊಳಕಾಲ್ಮೂರು ಸೀರೆಯ ಮಗ್ಗದ ಮನೆಗಳಲ್ಲಿ ಪವರ್‌ಲೂಮ್ ನಕಲಿನ ಮುಂದೆ ಕೇಳಿಬರುವ ಮಾತೂ ಇದೇ ತಾನೆ.

ಇದರಲ್ಲಿ ಗಮನಿಸಬೇಕಾದ ಒಂದು ಊರು ಯೋಗ್ಯಕರ್ತಾ ಪಕ್ಕದ ಗಿರಿಲೋಯೋ. ಅಲ್ಲಿನ ಹೆಂಗಸರು ಬಹುಕಾಲ ಮೇಣ ಬರೆದಷ್ಟಕ್ಕೇ ಬಟ್ಟೆಯನ್ನು ಪೇಟೆ ವ್ಯಾಪಾರಿಗೆ ಕೊಟ್ಟುಬಿಡುತ್ತಿದ್ದರು; ಬಣ್ಣ ಹಾಕಿ ಲಾಭ ಮಾಡುತ್ತಿದ್ದವರು ಬೇರೆ. 2006ರ ಮೇ ತಿಂಗಳ ಭೂಕಂಪದಲ್ಲಿ ಮನೆಗಳು ಉರುಳಿದ ಮೇಲೆ ಗುಂಪು ಕಟ್ಟಿಕೊಂಡು, ಬಣ್ಣ ಹಾಕುವುದನ್ನೂ ಕಲಿತು, ತಾವೇ ಮಾರಲು ನಿಂತರು. ತುಲಿಸ್ ಕೊಳ್ಳುವ ಆಸೆಯಿದ್ದರೆ ಬರೆದವರ ಹೆಸರು ಹೇಳಬಲ್ಲ ಇಂಥ ಗುಂಪುಗಳಿಂದ ಕೊಳ್ಳುವುದೇ ಸರಿ. ಪೆಕಲೋಂಗಾನ್ ಕಥೆ ಇಷ್ಟು ಸಿಹಿ ಇಲ್ಲ: ಬಣ್ಣದ ತೊಟ್ಟಿಗಳ ನೀರು ಸಂಸ್ಕರಣೆಯಿಲ್ಲದೆ ನದಿಗೆ ಬಿಟ್ಟು ಬಿಟ್ಟು ನದಿ ಕೆಟ್ಟಿದೆ, ಅಂತರ್ಜಲ ಎತ್ತಿ ನೆಲ ಕುಸಿಯುತ್ತಿರುವುದರಿಂದ ಸಮುದ್ರದ ನೀರು ಓಣಿಗೆ ನುಗ್ಗುತ್ತದೆ. ಚಾಪ್ ಬಟ್ಟೆ ಚೆಂದ, ಅಗ್ಗ ಅನ್ನುವಾಗ ಆ ಲೆಕ್ಕ ಬಿಲ್ಲಿನಲ್ಲಿ ಇರುವುದಿಲ್ಲ.

ಲೇಬಲ್ ನೋಡುವುದಾದರೆ ಇಂಡೋನೇಷ್ಯಾ ಸರ್ಕಾರದ ಬಾಟಿಕ್ ಮಾರ್ಕ್ 2007ರಿಂದ ಇದೆ. ಕಪ್ಪು ಪಟ್ಟಿಯ ಮೇಲೆ ಬಾಟಿಕ್ ಇಂಡೋನೇಷ್ಯಾ ಅನ್ನುವ ಅಕ್ಷರ: ಚಿನ್ನದ ಬಣ್ಣವಿದ್ದರೆ ತುಲಿಸ್, ಬೆಳ್ಳಿ ಬಣ್ಣವಿದ್ದರೆ ಚಾಪ್, ಬಿಳಿ ಇದ್ದರೆ ಎರಡೂ ಸೇರಿದ್ದು. ಸಣ್ಣ ಗುಂಪುಗಳು ಈ ಲೇಬಲ್ ಪಡೆಯುವ ತಾಪತ್ರಯಕ್ಕೇ ಹೋಗುವುದಿಲ್ಲ, ಆದ್ದರಿಂದ ಲೇಬಲ್ ಇಲ್ಲದ ಮಾತ್ರಕ್ಕೆ ಸುಳ್ಳು ಅನ್ನುವಂತಿಲ್ಲ.

ಬೆಲೆಗೆ ಬರೋಣ. ನೈಟಿ 250ರಿಂದ 400 ರೂಪಾಯಿ. ಆ ದುಡ್ಡಿಗೆ ಅದು ಮೋಸವಲ್ಲ, ಮನೆಯಲ್ಲಿ ತೊಟ್ಟು, ಮೆಷಿನ್ನಿಗೆ ಹಾಕಿ, ಎರಡು ವರ್ಷಕ್ಕೆ ಒರೆಸುವ ಬಟ್ಟೆ ಮಾಡಬಹುದು. ಅದರ ಮೇಲೆ ಬಾಟಿಕ್ ಪ್ರಿಂಟ್ ಅಂತ ಬರೆದರೆ ಯಾರ ತಕರಾರೂ ಇಲ್ಲ. ಹತ್ತಿಯ ಚಾಪ್ ಬಟ್ಟೆ ಜಾವಾದಲ್ಲೇ ಸುಮಾರು ಸಾವಿರದಿಂದ ಎರಡು ಸಾವಿರ ರೂಪಾಯಿ ಆಸುಪಾಸು, ಇಲ್ಲಿ ಸಾಗಣೆ ಸೇರಿ ಅದರ ಮೇಲೆ. ಅಂಗಿ ಹೊಲಿಸಿ ನಿಜವಾಗಿ ತೊಡುವವರಿಗೆ ಮೂರರಲ್ಲಿ ಒಳ್ಳೆಯದು ಇದೇ. ತುಲಿಸ್ ಕೆಲವು ಸಾವಿರದಿಂದ ಶುರುವಾಗಿ ಕೆಲಸಕ್ಕೆ ತಕ್ಕಂತೆ ಎಷ್ಟಕ್ಕೂ ಏರುತ್ತದೆ. ಎರಡು ಸಾವಿರಕ್ಕೆ ಸೂಕ್ಷ್ಮ ತುಲಿಸ್ ಸಿಗುತ್ತಿದೆ ಅಂದರೆ ಹಿಂಬದಿ ತಿರುವಿ ನೋಡಿ. ಕೊಳ್ಳುವ ಮುಂಚೆ ಬಿಳಿ ಕರವಸ್ತ್ರ ಒದ್ದೆ ಮಾಡಿ ಮೂಲೆಯಲ್ಲಿ ಹತ್ತು ಸಲ ಉಜ್ಜಿ: ನೀಲಿ ಸ್ವಲ್ಪ ಬಿಟ್ಟರೆ ಪರವಾಗಿಲ್ಲ, ನೀಲಿಯ ಸ್ವಭಾವ ಅದು, ಒಂದೆರಡು ನೀರಿಗೆ ನಿಲ್ಲುತ್ತದೆ. ಕೆಂಪು, ಕಂದು ಧಾರಾಳವಾಗಿ ಬಿಟ್ಟರೆ ಬಣ್ಣ ಕಚ್ಚಿಸುವ ಕೆಲಸ ಅರ್ಧಕ್ಕೇ ನಿಂತಿದೆ ಅಂತ ಅರ್ಥ.

ಹೊಸ ಬಟ್ಟೆ ಅಲ್ಲಲ್ಲಿ ಬಿರುಸಾಗಿದ್ದು ಮೂಸಿದರೆ ಮೇಣದ ವಾಸನೆ ಬಂದರೆ ಹಳೇ ಪೇಪರಿನ ಎರಡು ಹಾಳೆ ನಡುವೆ ಇಟ್ಟು ಹದ ಬಿಸಿಯ ಇಸ್ತ್ರಿ ಎಳೆಯಿರಿ, ಪೇಪರ್ ಮೇಣ ಹೀರುತ್ತದೆ. ಒಗೆಯಲು ಸೋಪಿನ ಪುಡಿ ಬೇಡ. ಜಾವಾದವರು ಬಾಟಿಕ್ ಒಗೆಯುವುದು ಲೆರಕ್ ಕಾಯಿಯಿಂದ. ಅದು ಬೇರೆ ಯಾವುದೂ ಅಲ್ಲ, ನಮ್ಮ ರೇಷ್ಮೆ ಸೀರೆಗೆ ಹಾಕುವ ಅಂಟುವಾಳದ ಜಾತಿಯೇ. ಒಂದು ಬಟ್ಟೆಗೆ ಏಳೆಂಟು ಕಾಯಿ ಸಾಕು. ಬೀಜ ತೆಗೆದು ಅರ್ಧ ಲೀಟರ್ ಬಿಸಿ ನೀರಲ್ಲಿ ರಾತ್ರಿ ನೆನೆಸಿ, ಬೆಳಿಗ್ಗೆ ಹಿಸುಕಿ ಸೋಸಿ, ಐದು ಲೀಟರ್ ತಣ್ಣೀರಿಗೆ ಬೆರೆಸಿ, ಹತ್ತು ನಿಮಿಷ ಬಟ್ಟೆ ಅದ್ದಿಟ್ಟು ಅದುಮಿ ತೆಗೆಯಿರಿ. ಕಲ್ಲಿಗೆ ಬಡಿಯುವುದು, ಹಿಂಡುವುದು ಬೇಡ. ನಮ್ಮ ಕಡೆಯ ಬೋರ್‌ವೆಲ್ ನೀರಿಗೆ ಇದು ಇನ್ನೂ ಅನುಕೂಲ: ಗಡಸು ನೀರಲ್ಲಿ ಸೋಪು ಬೂದು ಬಣ್ಣದ ಜಿಡ್ಡಾಗಿ ಬಟ್ಟೆಗೆ ಹತ್ತುತ್ತದೆ, ಅಂಟುವಾಳ ಹತ್ತುವುದಿಲ್ಲ. ನೀರಲ್ಲಿ ಕಬ್ಬಿಣದ ಅಂಶವಿದ್ದರೆ, ಅಂದರೆ ಬಕೆಟ್ಟಿನ ತಳ ಕೆಂಪಾಗುತ್ತಿದ್ದರೆ, ಮರದ ತೊಗಟೆಯಿಂದ ತೆಗೆದ ಕಂದು ಬಣ್ಣದ ಬಟ್ಟೆಯನ್ನು ಆ ನೀರಿಗೆ ಹಾಕಲೇಬೇಡಿ. ತೊಗಟೆಯ ಒಗರಿಗೆ ಕಬ್ಬಿಣ ಸೇರಿದರೆ ಬಣ್ಣ ಕಪ್ಪಿಗೆ ತಿರುಗುತ್ತದೆ, ಮತ್ತೆ ವಾಪಸು ಬರುವುದಿಲ್ಲ. ಮಳೆನೀರು ಇಲ್ಲವೇ ಫಿಲ್ಟರ್ ನೀರು ಬಳಸಿ. ನೆರಳಲ್ಲಿ ಒಣಗಿಸಿ. ಬೀರುವಿನಲ್ಲಿ ಡಾಂಬರು ಗುಳಿಗೆ ಬದಲು ಲಾವಂಚದ ಬೇರಿನ ಕಂತೆ ಇಡಿ, ಅಲ್ಲಿಯವರೂ ಇಡುವುದು ಅದನ್ನೇ.

ದರ್ಜಿ ಹತ್ತಿರ ಹೋಗುವಾಗ ಎರಡು ಮಾತು. ಜಾವಾದ ಬಾಟಿಕ್ ಬಟ್ಟೆಯ ಒಂದು ಪೀಸು ಸುಮಾರು ಎರಡೂವರೆ ಮೀಟರ್ ಉದ್ದ, ಪನ್ನ 42 ಇಂಚಿನ ಹತ್ತಿರ. ಸಾಧಾರಣ ಮೈಕಟ್ಟಿನವರಿಗೆ ಒಂದು ತುಂಬುತೋಳಿನ ಅಂಗಿ ಆಗುತ್ತದೆ, ಮಿಗುವುದು ಕಮ್ಮಿ. ಕತ್ತರಿಸುವ ಮುಂಚೆ ಒಮ್ಮೆ ನೀರಿಗೆ ಹಾಕಿ ಒಣಗಿಸಿ, ಕುಗ್ಗುವುದು ಮೊದಲೇ ಕುಗ್ಗಲಿ. ಪಾರಾಂಗ್‌ನಂಥ ಓರೆ ಡಿಸೈನಿನಲ್ಲಿ ಎಡ ಬಲ ಮುಂಭಾಗದ ಪಟ್ಟೆ ಗುಂಡಿ ಪಟ್ಟಿಯ ಹತ್ತಿರ ಕೂಡಬೇಕು, ಜೇಬು ಎಲ್ಲಿದೆ ಅಂತ ಹುಡುಕುವ ಹಾಗಿರಬೇಕು. ಬಟ್ಟೆ ಮಡಚಿ ಎರಡೂ ಭಾಗ ಒಂದೇ ಕತ್ತರಿಗೆ ಕತ್ತರಿಸಿದರೆ ಓರೆ ಪಟ್ಟೆ ಅಲ್ಲಿ ಕೂಡದೆ ಮೇಲೆ ಕೆಳಗೆ ಜಾರಿ ನಿಲ್ಲುತ್ತದೆ. ಬಿಡಿಸಿ ಹಾಸಿ ಒಂದೊಂದೇ ಕತ್ತರಿಸಲು ಮೊದಲೇ ಹೇಳಿ, ಹೊಲಿಗೆ ಕೂಲಿ ಹೆಚ್ಚು ಕೇಳಿದರೆ ಕೊಡಿ. ಜಾವಾದ ದುಬಾರಿ ಅಂಗಿಗೆ ಒಳಗೆ ಲೈನಿಂಗ್ ಇರುತ್ತದೆ, ದಾವಣಗೆರೆಯ ಏಪ್ರಿಲ್‌ಗೆ ಅದು ಆಗದ ಮಾತು. ಮಿಕ್ಕ ತುಂಡನ್ನು ದರ್ಜಿ ಅಂಗಡಿಯಲ್ಲೇ ಬಿಟ್ಟು ಬರಬೇಡಿ. ಅಂಗಿಯಲ್ಲಿ ಮೊದಲು ಸವೆಯುವುದು ಕಾಲರ್, ಆಗ ಹಾಕಲು ಅದೇ ಗೆರೆಯ ತುಂಡು ಜಾವಾಕ್ಕೆ ಹೋದರೂ ಸಿಗುವುದಿಲ್ಲ.